ಗುಂಡು ಹಾರದ ದಿನಗಳ ಲೆಕ್ಕ

ಮಡಿಕೇರಿಯ ‘ಸನ್ನಿ ಸೈಡ್’ ಜನರಲ್ ಕೊಡಂದೇರ ಸುಬ್ಬಯ್ಯ ತಿಮ್ಮಯ್ಯನವರ ಮನೆ. ಒಂದು ಕಾಲಕ್ಕೆ ಆರ್‌ಟಿಒ ಕಚೇರಿಯಾಗಿತ್ತು, 2021ರಿಂದ ಮ್ಯೂಸಿಯಂ. ಅದನ್ನು ನೋಡಿಕೊಂಡು ಹೊರಬಂದ ಇಬ್ಬರು ಹತ್ತಿರದ ಕ್ಯಾಂಟೀನಿನಲ್ಲಿ ಕಾಫಿಗೆ ಹೇಳಿ ಕೂತಿದ್ದಾರೆ. ಒಬ್ಬರು ಸೋಮವಾರಪೇಟೆ ಕಡೆಯ ನಿವೃತ್ತ ಹವಾಲ್ದಾರ್. ಕಾಂಗೋದಲ್ಲಿ ವಿಶ್ವಸಂಸ್ಥೆಯ ನೀಲಿ ಟೋಪಿ ಹಾಕಿ ದುಡಿದು ಬಂದವರು. ಇನ್ನೊಬ್ಬಳು ಅವರ ತಮ್ಮನ ಮಗಳು, ರಾಜ್ಯಶಾಸ್ತ್ರ ಎಂ.ಎ. ಓದುತ್ತಿರುವವಳು. ಮಾರ್ಚ್ 31ರ ತಿಮ್ಮಯ್ಯ ಜಯಂತಿಗೆ ಕಾಲೇಜಿನಲ್ಲಿ ಅವಳದ್ದೇ ಭಾಷಣ.

ಹುಡುಗಿ: ದೊಡ್ಡಪ್ಪ, ನಾನು ತೀರ್ಮಾನ ಮಾಡಿಬಿಟ್ಟೆ. ಭಾಷಣದಲ್ಲಿ ಯುದ್ಧದ ಮಾತೇ ಎತ್ತೋದಿಲ್ಲ. ಕೊರಿಯಾ, ಸೈಪ್ರಸ್, ಎರಡೇ.

ದೊಡ್ಡಪ್ಪ: ಕಾಶ್ಮೀರದ ಜೋಜಿಲಾ ಬಿಟ್ಟು ತಿಮ್ಮಯ್ಯನವರ ಬಗ್ಗೆ ಮಾತಾಡ್ತೀಯಾ? ಚೆನ್ನಾಗಿದೆ ಕಣಮ್ಮ! 1948ರ ನವೆಂಬರ್ 1. ಹನ್ನೊಂದು ಸಾವಿರ ಅಡಿಗಿಂತ ಮೇಲೆ, ಆ ಚಳಿಯಲ್ಲಿ, ಟ್ಯಾಂಕ್ ಹತ್ತಿಸಿದರು. ಅಷ್ಟು ಎತ್ತರಕ್ಕೆ ಟ್ಯಾಂಕ್ ಬರುತ್ತೆ ಅಂತ ಎದುರಿನವರು ಕನಸಲ್ಲೂ ಎಣಿಸಿರಲಿಲ್ಲ. ಅದಕ್ಕೂ ಮೊದಲು ಬರ್ಮಾದ ಅರಾಕಾನ್. ಯುದ್ಧಭೂಮಿಯಲ್ಲಿ ಬ್ರಿಗೇಡ್ ನಡೆಸಿದ ಮೊದಲ ಭಾರತೀಯ ಅವರೇ. ಇದು ಸೇನಾಧಿಕಾರಿಯ ಕೆಲಸ. ನೀನು ಹೇಳ್ತಿರೋದು ಪಂಚಾಯ್ತಿ ಮಾಡೋರ ಕೆಲಸ.

ಹುಡುಗಿ: ಪಂಚಾಯ್ತಿನೇ ಅನ್ನಿ. ಆದರೆ ಆ ಪಂಚಾಯ್ತಿಕಟ್ಟೆಗೆ ಬೇರೆ ಯಾರನ್ನೂ ಕೂರಿಸೋಕೆ ಆಗಲಿಲ್ಲ. ಕೊರಿಯಾದಲ್ಲಿ ಕದನವಿರಾಮ ಆಗಿದ್ದು 1953ರ ಜುಲೈ 27ಕ್ಕೆ. ಒಂದು ಪ್ರಶ್ನೆ ಬಗೆಹರಿದಿದ್ದರೆ ಅದು ಎಷ್ಟೋ ಮೊದಲೇ ಆಗ್ತಿತ್ತು. ಸೆರೆಸಿಕ್ಕ ಸೈನಿಕ ‘ನಾನು ನನ್ನ ದೇಶಕ್ಕೆ ವಾಪಸ್ ಹೋಗಲ್ಲ’ ಅಂದರೆ ಏನು ಮಾಡಬೇಕು? ಚೀನಾ, ಉತ್ತರ ಕೊರಿಯಾದವರು ‘ಕಳಿಸಲೇಬೇಕು’ ಅಂದರು. ಅಮೆರಿಕದವರು ‘ಬಲವಂತ ಮಾಡಲ್ಲ’ ಅಂದರು. ಕೊನೆಗೆ ಐದು ದೇಶಗಳ ಆಯೋಗ ಮಾಡಿ, ಭಾರತವನ್ನ ಅಧ್ಯಕ್ಷ ಸ್ಥಾನದಲ್ಲಿ ಕೂರಿಸಿದರು. ಅಧ್ಯಕ್ಷರು ತಿಮ್ಮಯ್ಯ. ಒಂದು ಕಡೆ ಸ್ವೀಡನ್, ಸ್ವಿಟ್ಜರ್ಲೆಂಡ್. ಇನ್ನೊಂದು ಕಡೆ ಪೋಲೆಂಡ್, ಚೆಕೊಸ್ಲೊವಾಕಿಯಾ. ಅಂದರೆ ಯಾವ ವಿಷಯ ಬಂದರೂ ಎರಡು ಓಟು ಆ ಕಡೆ, ಎರಡು ಈ ಕಡೆ. ಉಳಿದದ್ದು ಇವರ ಒಂದು.

ದೊಡ್ಡಪ್ಪ: ಅಂದರೆ ಏನು ತೀರ್ಮಾನ ಮಾಡಿದರೂ ಅರ್ಧ ಜನಕ್ಕೆ ಶತ್ರು.

ಹುಡುಗಿ: ಅದೇ ತಾನೆ ಧೈರ್ಯ! ವಿಶ್ವಸಂಸ್ಥೆ ಕಡೆಯಿಂದ ಇವರ ಕೈಗೆ ಬಂದ ಕೈದಿಗಳು 22,604. ಅದರಲ್ಲಿ 14,704 ಚೀನೀಯರು. ಆ ಕಡೆಯಿಂದ ಬಂದವರು 359, ಅವರಲ್ಲಿ 23 ಅಮೆರಿಕನ್ನರು, ಒಬ್ಬ ಬ್ರಿಟಿಷ್. ಇಷ್ಟು ಜನರನ್ನ ಕಾಯೋಕೆ ಮೇಜರ್ ಜನರಲ್ ಥೋರಟ್ ಕೈಕೆಳಗೆ ಇದ್ದದ್ದು ನಮ್ಮ ಆರು ಸಾವಿರದಷ್ಟು ಮಂದಿ. ದಕ್ಷಿಣ ಕೊರಿಯಾದ ಅಧ್ಯಕ್ಷ ಸಿಂಗ್‌ಮನ್ ರೀ ‘ಭಾರತದ ಸೈನಿಕರು ನಮ್ಮ ನೆಲ ತುಳಿಯಕೂಡದು’ ಅಂತ ಹಟ ಹಿಡಿದರು. ಇಂಚಾನಿನ ಹಡಗಿನಿಂದ ನಮ್ಮವರನ್ನ ಹೆಲಿಕಾಪ್ಟರಲ್ಲಿ ಎತ್ತಿಕೊಂಡು ಹೋಗಿ ನಿಶ್ಶಸ್ತ್ರ ವಲಯದಲ್ಲಿ ಇಳಿಸಬೇಕಾಯಿತು. ಅಲ್ಲಿ ನಮ್ಮವರು ಬಿಡಾರ ಹೂಡಿ ‘ಹಿಂದ್ ನಗರ’ ಅಂತ ಹೆಸರಿಟ್ಟರು.

ದೊಡ್ಡಪ್ಪ: ಇಳಿಸಿದ್ದು ಸರಿ. ಆಮೇಲೆ ಏನು ಸಾಧಿಸಿದರು, ಅದನ್ನ ಹೇಳು. ನಾನೂ ಒಳಗೆ ಫಲಕ ನೋಡಿಕೊಂಡೇ ಬಂದೆ.

ಹುಡುಗಿ: ಪ್ರತಿ ಕೈದಿಗೂ ಅವನ ದೇಶದವರು ಬಂದು ‘ಮನೆಗೆ ಬಾ’ ಅಂತ ಹೇಳೋಕೆ ಅವಕಾಶ ಕೊಡಬೇಕಿತ್ತು. ಅದಕ್ಕೆ ಸಾಲಾಗಿ ಡೇರೆಗಳು. ಕೈದಿಯನ್ನ ನಮ್ಮ ಜವಾನರು ಕರೆತಂದು ಕೂರಿಸ್ತಾರೆ. ಆಯೋಗದವರು ನೋಡ್ತಾ ಇರ್ತಾರೆ. ಡೇರೆಗೆ ಹೊರಹೋಗೋ ಬಾಗಿಲು ಎರಡು. ಒಂದರಲ್ಲಿ ಹೋದರೆ ತವರಿಗೆ, ಇನ್ನೊಂದರಲ್ಲಿ ಹೋದರೆ ವಾಪಸ್ ಶಿಬಿರಕ್ಕೆ. ಒಳಗೆ ಬಂದ ಎಷ್ಟೋ ಜನ ಮಾತನ್ನೇ ಕೇಳಿಸಿಕೊಳ್ಳದೆ ಕಿರುಚಿ, ಉಗಿದು, ಕುರ್ಚಿ ಎತ್ತಿ ಹೊಡೆಯೋಕೆ ಹೋದರು.

ದೊಡ್ಡಪ್ಪ: ಅವರನ್ನ ಹಿಡಿದುಕೊಂಡು ನಿಂತವನು ನಮ್ಮ ಜವಾನ. ಉಗುಳು ಅವನ ಮೇಲೂ ಬಿದ್ದಿರುತ್ತೆ, ಅದನ್ನ ಯಾರೂ ಫಲಕದಲ್ಲಿ ಬರೆಯಲ್ಲ. ಹೋಗಲಿ. ತೊಂಬತ್ತು ದಿನ ನಡೆಯಬೇಕಿದ್ದ ಆ ಕೆಲಸ ನಡೆದದ್ದು ಎಷ್ಟು ದಿನ?

ಹುಡುಗಿ: ಹತ್ತು.

ದೊಡ್ಡಪ್ಪ: ಇಪ್ಪತ್ತೆರಡು ಸಾವಿರದಲ್ಲಿ ಮನೆಗೆ ಹೊರಟವರು?

ಹುಡುಗಿ: ಆರುನೂರು ಚಿಲ್ಲರೆ.

ದೊಡ್ಡಪ್ಪ: ನೋಡು. ಕೆಲಸ ಒಪ್ಪಿಸಿದ್ದು ತೊಂಬತ್ತು ದಿನದ್ದು, ಆಗಿದ್ದು ಹತ್ತು ದಿನದ್ದು. ಪಲ್ಟನ್ನಿನಲ್ಲಿ ಇದನ್ನ ಸಾಧನೆ ಅಂತ ಬರೆದುಕೊಟ್ಟರೆ ಕಂಪನಿ ಕಮಾಂಡರ್ ಸಾಹೇಬರು ಕಾಗದ ಹರಿದು ಮುಖಕ್ಕೆ ಎಸೀತಾರೆ.

ಹುಡುಗಿ: ಯಾಕೆ ಆಗಲಿಲ್ಲ ಅಂತಲೂ ಕೇಳಿ. ಶಿಬಿರದೊಳಗೆ ಕೈದಿಗಳಲ್ಲೇ ಮುಖಂಡರಿದ್ದರು, ಮನೆಗೆ ಹೋಗ್ತೀನಿ ಅಂದವನನ್ನ ಹೊಡೆದು ಬಾಯಿ ಮುಚ್ಚಿಸೋರು. ಇಡೀ ಶಿಬಿರ ‘ನಾವು ಡೇರೆಗೆ ಬರಲ್ಲ’ ಅಂತ ಕೂತರೆ ಎಳೆದುಕೊಂಡು ಬರಬೇಕು. ಎಳೀಬೇಕು ಅಂದರು ಪೋಲೆಂಡಿನವರು. ಎಳೆದರೆ ನಾವಿಲ್ಲ ಅಂದರು ಸ್ವಿಸ್, ಸ್ವೀಡನ್‌ನವರು. ಗುಂಡು ಹಾರಿಸಿ ಎಳೆದಿದ್ದರೆ ನೂರಾರು ಹೆಣ ಬೀಳ್ತಿತ್ತು. ತಿಮ್ಮಯ್ಯ ಹಾಗೆ ಮಾಡಲಿಲ್ಲ. ಕೈಯಲ್ಲಿ ಬಂದೂಕು ಇದ್ದೂ ಬಳಸದೇ ಇರೋದು ಸಾಧನೆ ಅಲ್ವಾ?

ದೊಡ್ಡಪ್ಪ: ಬಳಸಲೇ ಇಲ್ಲ ಅನ್ನಬೇಡ. ಅಕ್ಟೋಬರ್ ಮೊದಲಲ್ಲಿ ಗಲಾಟೆಯಾಗಿ ನಮ್ಮವರು ಗುಂಡು ಹಾರಿಸಿದ್ದೂ ಉಂಟು, ಕೈದಿಗಳು ಸತ್ತದ್ದೂ ಉಂಟು. ಥೋರಟ್ ಸಾಹೇಬರ ವಿಷಯ ಒಪ್ತೀನಿ. ನಮ್ಮ ಒಬ್ಬ ಮೇಜರನ್ನ ಕೈದಿಗಳು ಒತ್ತೆ ಹಿಡಿದುಕೊಂಡಾಗ ಜನರಲ್ ಆದವರು ತಾವೇ ಬೇಲಿ ಒಳಗೆ ನಡೆದುಕೊಂಡು ಹೋಗಿ, ಅವರ ಮಧ್ಯೆ ಮಾತಾಡಿ ಬಿಡಿಸಿಕೊಂಡು ಬಂದರು. ಅದಕ್ಕೆ ಸಲಾಂ. ಆದರೆ ಕೊನೆಗೆ ಏನಾಯಿತು? 1954ರ ಜನವರಿ 20ಕ್ಕೆ ಕೈದಿಗಳನ್ನ ಯಾರಿಂದ ತಗೊಂಡಿದ್ದರೋ ಅವರಿಗೇ ವಾಪಸ್ ಕೊಟ್ಟರು. ಅಮೆರಿಕದವರು 23ಕ್ಕೆ ಎಲ್ಲರನ್ನೂ ಬಿಟ್ಟರು. ಹದಿನಾಲ್ಕು ಸಾವಿರ ಚೀನೀಯರು ತೈವಾನಿಗೆ ಹಡಗು ಹತ್ತಿದರು. ಅಮೆರಿಕಕ್ಕೆ ಬೇಕಾದದ್ದೇ ಆಯಿತು. ಹಾಗಾದರೆ ನಮ್ಮವರು ನಾಲ್ಕು ತಿಂಗಳು ಚಳಿಯಲ್ಲಿ ನಿಂತದ್ದು ಯಾಕೆ?

ಹುಡುಗಿ: ಕೊಡುವಾಗ ತಿಮ್ಮಯ್ಯ ಏನು ಹೇಳಿ ಕೊಟ್ಟರು ಅನ್ನೋದು ಮುಖ್ಯ. ಕೈದಿಗಳ ಭವಿಷ್ಯ ತೀರ್ಮಾನ ಮಾಡಬೇಕಿದ್ದ ರಾಜಕೀಯ ಸಮ್ಮೇಳನ ನಡೆಯಲೇ ಇಲ್ಲ. ಇವರನ್ನ ನಾಗರಿಕರು ಅಂತ ಘೋಷಿಸೋ ಅಧಿಕಾರ ನನಗಿಲ್ಲ, ಇಟ್ಟುಕೊಳ್ಳೋ ಅಧಿಕಾರವೂ ಮುಗೀತು, ಬಿಡುಗಡೆ ಮಾಡಿದರೆ ಅದು ಒಪ್ಪಂದಕ್ಕೆ ವಿರುದ್ಧ, ಅಂತ ದಾಖಲೆ ಮಾಡಿ ಕೊಟ್ಟರು. ಎರಡು ಕಡೆಯವರಿಗೂ ಸಿಟ್ಟು ಬಂತು. ಇಷ್ಟಾದರೂ ಯುದ್ಧ ಮತ್ತೆ ಶುರುವಾಗಲಿಲ್ಲ. ಆ ಕೈದಿಗಳ ನೆಪದಲ್ಲಿ ಶುರುವಾಗಬಹುದಿತ್ತು.

ದೊಡ್ಡಪ್ಪ: ‘ಆಗಬಹುದಿತ್ತು’ ಅನ್ನೋದಕ್ಕೆ ಪದಕ ಕೊಡೋದು ಹೇಗೆ?

ಹುಡುಗಿ: ಪದ್ಮಭೂಷಣ ಕೊಟ್ಟರಲ್ಲ, 1954ರಲ್ಲೇ.

ಕಾಫಿ ಬಂತು. ದೊಡ್ಡಪ್ಪ ಸಕ್ಕರೆ ಕಮ್ಮಿ ಎಂದು ಇನ್ನೊಂದು ಚಮಚ ಹಾಕಿಸಿಕೊಂಡರು. ಮಾತು ತಣ್ಣಗಾಗಲಿಲ್ಲ.

ದೊಡ್ಡಪ್ಪ: ನೀನು ಪುಸ್ತಕದಲ್ಲಿ ಓದಿದ್ದೀಯ. ನಾನು ನಿಂತು ನೋಡಿದ್ದೀನಿ. 2012ರ ನವೆಂಬರ್ 20, ಕಾಂಗೋದ ಗೋಮಾ ಪಟ್ಟಣ. ಎಂ23 ಅನ್ನೋ ಬಂಡುಕೋರರು ಬರ್ತಿದ್ದಾರೆ. ನಮಗಿದ್ದ ಆದೇಶ ಸರ್ಕಾರದ ಸೈನ್ಯಕ್ಕೆ ಬೆಂಬಲ ಕೊಡಿ ಅಂತ. ಬೆಳಗಾಗೋ ಹೊತ್ತಿಗೆ ಸರ್ಕಾರದ ಸೈನ್ಯವೇ ಊರು ಬಿಟ್ಟಿತ್ತು. ಇಲ್ಲದವರಿಗೆ ಬೆಂಬಲ ಕೊಡೋದು ಹೇಗೆ? ಬಂಡುಕೋರರು ರಸ್ತೆ ಮೇಲೆ ಸಾಲಾಗಿ ನಡೆದುಕೊಂಡೇ ಒಳಗೆ ಬಂದರು. ನಮ್ಮ ಪೋಸ್ಟಿನ ಗೇಟಿನ ಹತ್ತಿರ ಒಬ್ಬಳು ಮುದುಕಿ, ತಲೆ ಮೇಲೆ ಹಾಸಿಗೆ ಸುರುಳಿ, ಕಂಕುಳಲ್ಲಿ ಕೋಳಿ. ನನ್ನ ರೈಫಲ್ ಕಡೆ ಬೆರಳು ತೋರಿಸಿದಳು, ಆಮೇಲೆ ಆ ರಸ್ತೆ ಕಡೆ ತೋರಿಸಿದಳು. ಏನೋ ಕೇಳಿದಳು. ಭಾಷೆ ಬರಲ್ಲ, ಆದರೂ ಅರ್ಥ ಆಯಿತು. ಸಂಜೆ ನಮ್ಮ ಬಿಳಿ ಗಾಡಿಗಳಿಗೆ ಕಲ್ಲು ಬಿತ್ತು. ಹೊಡೆದವರ ಮೇಲೆ ನನಗೆ ಸಿಟ್ಟೇ ಬರಲಿಲ್ಲ.

ಹುಡುಗಿ: ಅದಕ್ಕೇ ಮುಂದಿನ ವರ್ಷ ಆದೇಶ ಬದಲಾಯಿತಲ್ಲ. ಬಂಡುಕೋರರ ಮೇಲೆ ನಾವೇ ಮೊದಲು ಬೀಳಬಹುದು ಅನ್ನೋ ಹೊಸ ಬ್ರಿಗೇಡ್ ಬಂತು, ಎಂ23 ಸೋತಿತು.

ದೊಡ್ಡಪ್ಪ: 2025ರ ಜನವರಿಯಲ್ಲಿ ಅದೇ ಗೋಮಾ ಮತ್ತೆ ಅದೇ ಎಂ23 ಕೈಗೆ ಬಿತ್ತು, ಅದನ್ನೂ ಬರೆದುಕೋ. ನಾನು ಸಿಪಾಯಿ ಲೆಕ್ಕದವನು, ನನ್ನದು ಬಿಡು. ಜನರಲ್‌ಗಳ ಗತಿ ನೋಡು. ರುವಾಂಡಾದಲ್ಲಿ ಕೆನಡಾದ ಡಲೇರ್ ಸಾಹೇಬರು 1994ರ ಜನವರಿಯಲ್ಲೇ ನ್ಯೂಯಾರ್ಕಿಗೆ ತಂತಿ ಕಳಿಸಿದರು: ಶಸ್ತ್ರಾಸ್ತ್ರ ಬಚ್ಚಿಟ್ಟಿದ್ದಾರೆ, ದಾಳಿ ಮಾಡಲಾ? ಬೇಡ ಅಂದರು. ಏಪ್ರಿಲಲ್ಲಿ ಕೊಲೆ ಶುರುವಾಯಿತು. ಕೈಲಿದ್ದ ಎರಡೂವರೆ ಸಾವಿರ ಮಂದಿಯನ್ನ ಹೆಚ್ಚಿಸೋ ಬದಲು 270ಕ್ಕೆ ಇಳಿಸಿ ಅಂತ ಭದ್ರತಾ ಮಂಡಳಿ ಠರಾವು ಮಾಡಿತು. ಸತ್ತವರು ಎಂಟು ಲಕ್ಷ. ನಮ್ಮ ಸತೀಶ್ ನಂಬಿಯಾರ್ ಸಾಹೇಬರು 1992ರಲ್ಲಿ ಯುಗೊಸ್ಲಾವಿಯಾಕ್ಕೆ ಹೋದ ಮೊದಲ ಕಮಾಂಡರ್. ಒಂದು ವರ್ಷ ಆದ ಮೇಲೆ ಇನ್ನೂ ಇರಿ ಅಂದರೆ ‘ಬೇಡ’ ಅಂದು ವಾಪಸ್ ಬಂದರು. ಆದೇಶ ಕೊಡೋನು ಒಬ್ಬ, ಸಾಮಾನು ಕೊಡೋನು ಇನ್ನೊಬ್ಬ, ಬೈಗುಳ ತಿನ್ನೋನು ಮೂರನೆಯವನು. ಆ ಮೂರನೆಯವನ ಹೆಗಲ ಮೇಲೆ ನಕ್ಷತ್ರ ಎಷ್ಟಿದ್ದರೇನು?

ಹುಡುಗಿ: ಎಲ್ಲ ಕಡೆಯೂ ಕೈಕಟ್ಟಿ ನಿಂತಿಲ್ಲ ದೊಡ್ಡಪ್ಪ. 1961ರಲ್ಲಿ ಇದೇ ಕಾಂಗೋದಲ್ಲಿ ಕ್ಯಾಪ್ಟನ್ ಸಲಾರಿಯಾ ಹೋರಾಡಿ ಸತ್ತರು, ಪರಮವೀರಚಕ್ರ ಬಂತು. 2000ದಲ್ಲಿ ಸಿಯೆರಾ ಲಿಯೋನ್‌ನಲ್ಲಿ ನಮ್ಮ ಗೂರ್ಖಾಗಳನ್ನ ಬಂಡುಕೋರರು ಕೈಲಾಹುನ್‌ನಲ್ಲಿ ಎರಡೂವರೆ ತಿಂಗಳು ಮುತ್ತಿದ್ದರು. ಮೇಜರ್ ಜನರಲ್ ಜೇಟ್ಲಿ ‘ಆಪರೇಷನ್ ಖುಕ್ರಿ’ ಮಾಡಿ ಬಿಡಿಸಿಕೊಂಡು ಬಂದರು.

ದೊಡ್ಡಪ್ಪ: ಬಿಡಿಸಿಕೊಂಡು ಬಂದದ್ದು ನಮ್ಮವರನ್ನೇ. ಊರಿನವರನ್ನಲ್ಲ. ಆಮೇಲೆ ಜೊತೆಗಿದ್ದ ದೇಶದವರ ಮೇಲೆ ಜೇಟ್ಲಿ ಸಾಹೇಬರು ಬರೆದ ಗುಟ್ಟಿನ ವರದಿ ಪೇಪರಿಗೆ ಸೋರಿ, ರಂಪ ಆಗಿ, ನಮ್ಮ ಪಡೆಯೇ ವಾಪಸ್ ಬಂತು. ಇನ್ನೊಂದು ವಿಷಯ ಹೇಳ್ತೀನಿ, ಬೇಜಾರು ಮಾಡಿಕೊಳ್ಳಬೇಡ. ಒಬ್ಬ ಸೈನಿಕನಿಗೆ ತಿಂಗಳಿಗೆ 1,400 ಡಾಲರ್ ಮೇಲೆ ವಿಶ್ವಸಂಸ್ಥೆ ಸರ್ಕಾರಕ್ಕೆ ಕೊಡುತ್ತೆ. ಕಾಂಗೋದಿಂದ ಬಂದ ದುಡ್ಡಲ್ಲೇ ನಮ್ಮ ಮನೆ ತಾರಸಿ ಆದದ್ದು. ಠರಾವು ಮಾಡೋರು ನ್ಯೂಯಾರ್ಕಿನಲ್ಲಿ, ಕಾವಲು ನಿಲ್ಲೋರು ಭಾರತ, ನೇಪಾಳ, ಬಾಂಗ್ಲಾ, ರುವಾಂಡಾದವರು. ಶಾಂತಿ ಅನ್ನೋ ದೊಡ್ಡ ಮಾತಿನ ಕೆಳಗೆ ಈ ಲೆಕ್ಕವೂ ಇದೆ.

ಹುಡುಗಿ: ತಿಮ್ಮಯ್ಯನವರು ದುಡ್ಡಿಗೆ ಹೋಗಲಿಲ್ಲವಲ್ಲ. 1957ರಿಂದ 61ರವರೆಗೆ ಇಡೀ ಭೂಸೇನೆಗೆ ಮುಖ್ಯಸ್ಥರಾಗಿದ್ದವರು. ರಕ್ಷಣಾ ಸಚಿವ ಕೃಷ್ಣ ಮೆನನ್ ಜೊತೆ ಜಟಾಪಟಿ, ರಾಜೀನಾಮೆ ಕೊಟ್ಟು ವಾಪಸ್ ತಗೊಂಡದ್ದು, ಎಲ್ಲ ಮುಗಿಸಿ ಊರಿಗೆ ಬಂದಿದ್ದರು. ಆಮೇಲೆ 1964ರ ಜುಲೈಯಲ್ಲಿ, 58ರ ವಯಸ್ಸಲ್ಲಿ, ವಿಶ್ವಸಂಸ್ಥೆ ಪಡೆಯ ಕಮಾಂಡರ್ ಆಗಿ ಸೈಪ್ರಸ್‌ಗೆ ಹೋದರು. ಅಲ್ಲಿ ಇದ್ದದ್ದು ಆರು ಸಾವಿರ ಚಿಲ್ಲರೆ ಸೈನಿಕರು: ಬ್ರಿಟಿಷ್, ಕೆನಡಾ, ಐರಿಷ್, ಸ್ವೀಡನ್, ಡೆನ್ಮಾರ್ಕ್, ಫಿನ್ಲೆಂಡ್. ಭಾರತದ ಒಂದು ಪಲ್ಟನ್ ಕೂಡ ಇಲ್ಲ. ಅವರ ಹಿಂದಿನ ಕಮಾಂಡರ್ ಜ್ಞಾನಿ, ಮುಂದೆ ಬಂದ ಪ್ರೇಮ್ ಚಂದ್, ಅವರೂ ಭಾರತದವರೇ. ಪಡೆ ಕಳಿಸದ ದೇಶದಿಂದ ಮೂವರು ಕಮಾಂಡರ್‌ಗಳನ್ನ ಕೇಳಿ ಕರೆಸಿಕೊಂಡರು ಅಂದರೆ, ಆ ನಂಬಿಕೆ ಕೊರಿಯಾದಲ್ಲಿ ಗಳಿಸಿದ್ದು ಅಲ್ವಾ?

ದೊಡ್ಡಪ್ಪ: ಹ್ಞೂಂ. ಆ ಮಾತು ಒಪ್ಪಬಹುದು. ಅಲ್ಲಿ ಏನು ಮಾಡಿದರು, ಅದನ್ನ ಹೇಳು. ಒಳಗೆ ಆ ಭಾಗ ನಾನು ಬೇಗ ದಾಟಿಬಿಟ್ಟೆ.

ಹುಡುಗಿ: ಗ್ರೀಕ್ ಸೈಪ್ರಿಯಟ್, ಟರ್ಕಿ ಸೈಪ್ರಿಯಟ್ ಅಂತ ಎರಡು ಸಮುದಾಯ. 1963ರ ಡಿಸೆಂಬರಲ್ಲಿ ಹೊಡೆದಾಟ. ಒಬ್ಬ ಬ್ರಿಟಿಷ್ ಜನರಲ್ ರಾಜಧಾನಿ ನಿಕೋಸಿಯಾದ ನಕ್ಷೆ ಮೇಲೆ ಹಸಿರು ಪೆನ್ಸಿಲಿನಲ್ಲಿ ಗೆರೆ ಎಳೆದ, ಊರು ಎರಡಾಯಿತು. ತಿಮ್ಮಯ್ಯ ಹೋಗಿ ತಿಂಗಳೊಪ್ಪತ್ತಿಗೆ ಟರ್ಕಿಯ ವಿಮಾನಗಳು ಬಂದು ಬಾಂಬು ಹಾಕಿದವು. ಅದು ನಿಂತ ಮೇಲೆ ದಿನದಿನದ ಸಣ್ಣ ಜಗಳಗಳು. ಟರ್ಕಿಯವರ ಕೇರಿಗೆ ಸಿಮೆಂಟ್ ಬಿಡಬೇಕಾ, ಕಬ್ಬಿಣ, ಬ್ಯಾಟರಿ ಬಿಡಬೇಕಾ, ಎಲ್ಲಕ್ಕೂ ವಾದ. ನಿಕೋಸಿಯಾದಿಂದ ಕೈರೇನಿಯಾಕ್ಕೆ ಹೋಗೋ ರಸ್ತೆಯನ್ನ ವಿಶ್ವಸಂಸ್ಥೆ ಕೈಗೆ ತಗೊಂಡು, ಗ್ರೀಕರ ಕಾರುಗಳನ್ನ ಸಾಲು ಕಟ್ಟಿಸಿ, ಮುಂದೆ ಹಿಂದೆ ಜೀಪ್ ಹಾಕಿ ದಾಟಿಸೋರು. ಸುಗ್ಗಿ ಬಂದಾಗ ಗೆರೆ ಪಕ್ಕದ ಹೊಲಕ್ಕೆ ರೈತರು ಹೋಗೋಕೆ ಹೆದರ್ತಾರೆ ಅಂತ, ಕೊಯ್ಲು ಮುಗಿಯೋವರೆಗೂ ಸೈನಿಕರು ಪಕ್ಕದಲ್ಲಿ ನಿಲ್ಲೋರು.

ದೊಡ್ಡಪ್ಪ: ಕೊಯ್ಲಿಗೆ ಕಾವಲಾ? ಇದನ್ನ ಮೊದಲೇ ಹೇಳಬಾರದಿತ್ತಾ! ಗೋಮಾದ ಹೊರಗೆ ಹೆಂಗಸರು ಸೌದೆಗೆ ಹೋಗುವಾಗ ನಮ್ಮ ಗಸ್ತು ಜೊತೆಗೆ ಹೋಗ್ತಿತ್ತು. ನಾವು ಹೋದ ದಿನ ಅವರು ಕಾಡಿನೊಳಗೆ ದೂರ ಹೋಗಿ ಒಳ್ಳೆ ಸೌದೆ ತರೋರು. ನಾವಿಲ್ಲದ ದಿನ ರಸ್ತೆ ಪಕ್ಕದ ಪುರಳೆ ಆರಿಸಿಕೊಂಡು ಬರೋರು. ಹೊರೆ ನೋಡಿದರೇ ಗೊತ್ತಾಗೋದು, ಇವತ್ತು ಗಸ್ತು ಹೋಗಿತ್ತೋ ಇಲ್ಲವೋ ಅಂತ. ಭಾಷಣದಲ್ಲಿ ಆ ಕೊಯ್ಲಿನ ವಿಷಯ ಹೇಳು. ಕಾಫಿ ಬೆಳೆಯೋ ಜಿಲ್ಲೆಯವರಿಗೆ ಬೇರೆ ವಿವರಣೆ ಬೇಡ.

ಹುಡುಗಿ: ಅಷ್ಟು ಹೊತ್ತು ಬೈದವರು ಈಗ ಹೊಗಳ್ತಿದ್ದೀರಿ. ನನಗೇ ಈಗ ಅನುಮಾನ ಶುರುವಾಗಿದೆ. 1965ರ ಡಿಸೆಂಬರ್ 18ಕ್ಕೆ ತಿಮ್ಮಯ್ಯ ಅಲ್ಲೇ ಹೃದಯಾಘಾತದಿಂದ ತೀರಿಹೋದರು. ಸೈಪ್ರಸ್‌ನವರು ಮರುವರ್ಷ ಅವರ ಅಂಚೆಚೀಟಿ ತಂದರು, ಲಾರ್ನಾಕಾದಲ್ಲಿ ರಸ್ತೆಗೆ ಅವರ ಹೆಸರಿದೆ. ಎಲ್ಲ ಸರಿ. ಆದರೆ 1974ರ ಜುಲೈ 15ಕ್ಕೆ ಅಲ್ಲಿ ದಂಗೆ, 20ಕ್ಕೆ ಟರ್ಕಿಯ ಸೈನ್ಯ ಇಳಿಯಿತು. ಪ್ರೇಮ್ ಚಂದ್ ನಿಕೋಸಿಯಾ ವಿಮಾನ ನಿಲ್ದಾಣವನ್ನ ವಿಶ್ವಸಂಸ್ಥೆಯ ವಶಕ್ಕೆ ತಗೊಂಡು ಬಿಟ್ಟುಕೊಡಲಿಲ್ಲ, ನಿಜ. ದ್ವೀಪ ಮಾತ್ರ ಎರಡು ಹೋಳಾಯಿತು. ಲಕ್ಷಾಂತರ ಜನ ಮನೆ ಬಿಟ್ಟು ಓಡಿದರು. ಆ ಪಡೆ 1964ರಲ್ಲಿ ಮೂರು ತಿಂಗಳಿಗೆ ಅಂತ ಹೋದದ್ದು ಇವತ್ತಿಗೂ ಅಲ್ಲೇ ಇದೆ.

ದೊಡ್ಡಪ್ಪ: ಅದಕ್ಕೆ ತಿಮ್ಮಯ್ಯ ಏನು ಮಾಡೋಕಾಗುತ್ತೆ?

ಹುಡುಗಿ: ಅವರೊಬ್ಬರನ್ನೇ ನಾನು ಕೇಳ್ತಿಲ್ಲ, ಆ ಕೆಲಸವನ್ನೇ ಕೇಳ್ತಿದ್ದೀನಿ. ನೀಲಿ ಟೋಪಿಯವರು ನಡುವೆ ನಿಂತದ್ದಕ್ಕೆ ಗುಂಡು ನಿಂತಿತು. ಗುಂಡು ನಿಂತದ್ದಕ್ಕೆ, ಕೂತು ಬಗೆಹರಿಸಿಕೊಳ್ಳೋ ಅವಸರವೂ ಹೋಯಿತು. ಹತ್ತು ವರ್ಷ ಎಲ್ಲರೂ ಆರಾಮಾಗಿ ಹಟ ಸಾಧಿಸಿದರು.

ದೊಡ್ಡಪ್ಪ: ಹಾಗಾದರೆ ಅವಸರ ಹುಟ್ಟಿಸೋಕೆ ಇನ್ನೊಂದಷ್ಟು ಜನ ಸಾಯಬೇಕಿತ್ತಾ?

ಹುಡುಗಿ: ಹಾಗೆ ಹೇಳಲಿಲ್ಲ.

ದೊಡ್ಡಪ್ಪ: ಹೇಳದಿದ್ದರೂ ನಿನ್ನ ಲೆಕ್ಕ ಅಲ್ಲಿಗೇ ಹೋಗಿ ನಿಲ್ಲುತ್ತೆ.

ಹುಡುಗಿ: ನಿಮ್ಮ ಲೆಕ್ಕ ಎಲ್ಲಿ ನಿಲ್ಲುತ್ತೆ? ಹತ್ತು ವರ್ಷ ಉಳಿಸಿದ್ದನ್ನ ಒಂದು ತಿಂಗಳು ನುಂಗಿತಲ್ಲ.

ದೊಡ್ಡಪ್ಪ: ಹತ್ತು ಬೆಳೆ ಮನೆಗೆ ಬಂತಲ್ಲ. ಹನ್ನೊಂದನೇ ವರ್ಷ ಮಳೆ ಕೈಕೊಟ್ಟಿತು ಅಂತ ಹಿಂದಿನ ಹತ್ತು ಬೆಳೆ ಸುಳ್ಳಾಗುತ್ತಾ?

ಹುಡುಗಿ: ಮಳೆ ಯಾರ ಕೈಲೂ ಇಲ್ಲ. ಇದು ಅಂಕಾರಾ, ಅಥೆನ್ಸ್, ನಿಕೋಸಿಯಾದಲ್ಲಿ ಕೂತವರ ಕೈಲಿತ್ತು. ಅವರಿಗೆ ಅಷ್ಟು ಪುರುಸೊತ್ತು ಕೊಟ್ಟವರು ಯಾರು?

ದೊಡ್ಡಪ್ಪ: ಪುರುಸೊತ್ತು ಕೊಟ್ಟದ್ದು ಜನರಲ್, ಪೋಲು ಮಾಡಿದ್ದು ಅವರು. ಭಾಷಣದಲ್ಲಿ ಅದನ್ನ ಬೇರೆ ಬೇರೆ ಮಾಡಿ ಹೇಳು.

ಹುಡುಗಿ: ಬೇರೆ ಮಾಡಿದರೆ ತಪ್ಪೆಲ್ಲ ರಾಜಕಾರಣಿಗಳ ತಲೆಗೆ, ಹಾರವೆಲ್ಲ ಸೇನೆಯವರ ಕೊರಳಿಗೆ. ಅಷ್ಟು ಸುಲಭಕ್ಕೆ ನಾನು ಬಿಡಲ್ಲ ದೊಡ್ಡಪ್ಪ. ನೀವೇ ಹೇಳಿದಿರಿ, ಆದೇಶ ಕೊಡೋನು ಒಬ್ಬ, ಬೈಗುಳ ತಿನ್ನೋನು ಇನ್ನೊಬ್ಬ ಅಂತ. ಅದು ಗೊತ್ತಿದ್ದೂ ಮತ್ತೆ ಮತ್ತೆ ಒಪ್ಪಿಕೊಂಡು ಹೋಗೋ ಜನರಲ್‌ಗೆ ಅದರಲ್ಲಿ ಪಾಲಿಲ್ಲವಾ?

ದೊಡ್ಡಪ್ಪ: ಇರಬಹುದು. ನಂಬಿಯಾರ್ ಸಾಹೇಬರು ಒಂದೇ ವರ್ಷಕ್ಕೆ ಸಾಕು ಅಂದದ್ದು ಅದಕ್ಕೇ ಇರಬಹುದು. ಆದರೆ ಎಲ್ಲರೂ ಸಾಕು ಅಂದರೆ ಕೊಯ್ಲಿನ ದಿನ ಹೊಲದ ಬದುವಿನಲ್ಲಿ ಯಾರು ನಿಲ್ಲಬೇಕು? ನಿನಗೆ ಬೇಕಾದ್ದು ಹೇಳು. ಕೇಳೋರ ಮಧ್ಯೆ ಆ ಸೈಪ್ರಸ್ ರೈತನೂ ಕೂತಿದ್ದಾನೆ ಅಂದುಕೊಂಡು ಹೇಳು.

ಹುಡುಗಿ: ಸರಿ. ಅವನ ಪಕ್ಕದಲ್ಲೇ 1974ರಲ್ಲಿ ಮನೆ ಬಿಟ್ಟು ಓಡಿದವನೂ ಕೂತಿರ್ತಾನೆ. ಅವನಿಗೂ ನಾನು ಉತ್ತರ ಕೊಡಬೇಕು.

ದೊಡ್ಡಪ್ಪ: ಕೊಡು. ಆದರೆ ಅವರಿಬ್ಬರೂ ಒಬ್ಬನೇ ಆಗಿರಬಹುದು, ಅದನ್ನ ಮರೀಬೇಡ.